ನೀರಿನಡಿಯ ಎಣಿಕೆ: ಬೆಳಗಾವಿಯಿಂದ ವಿಜಯಪುರದವರೆಗೆ

ಶುಕ್ರವಾರ, ಬೆಳಗಾವಿ

ಒಲಿಂಪಿಕ್ಸ್ ಸಮಯದಲ್ಲಿ ಟಿವಿಯಲ್ಲಿ ಸಿಂಕ್ರೊನೈಸ್ಡ್ ಸ್ವಿಮ್ಮಿಂಗ್ ನೋಡಿರುತ್ತೀರಿ. ಎಂಟು ಜನ ಒಟ್ಟಿಗೆ ಕಾಲೆತ್ತುತ್ತಾರೆ, ಒಟ್ಟಿಗೆ ತಿರುಗುತ್ತಾರೆ, ಒಟ್ಟಿಗೆ ಮುಳುಗುತ್ತಾರೆ. ನೋಡೋಕೆ ಸಲೀಸು. ಆದರೆ ಅದೇ ಹೊತ್ತಿಗೆ ನೀರಿನ ಕೆಳಗೆ ಕೈಗಳು ಪಡುವ ಪಾಡು ಇದೆಯಲ್ಲ, ಅದು ಒಂದೆರಡು ಕ್ಷಣ ಕಂಡು ಹೋಗಿಬಿಡುತ್ತದೆ, ಕ್ಯಾಮೆರಾ ಮತ್ತೆ ಮೇಲೆ ಬಂದು ನಗುಮುಖ ತೋರಿಸುತ್ತದೆ. ನಾವು ಮಾಡುತ್ತಿರುವ ಕಿರುಚಿತ್ರ ಆ ಕೆಳಗಿನ ಅರ್ಧದ ಬಗ್ಗೆ. ಕಥೆ ಇಲ್ಲ, ಸಂಭಾಷಣೆ ಇಲ್ಲ, ಮುಖವೂ ಇಲ್ಲ. ನೀರಿನ ಮೇಲಿಂದ ತೆಗೆದ ಒಂದು ಶಾಟ್ ಕೂಡ ಇರಬಾರದು ಅಂತ ನಿರ್ದೇಶಕಿ ಮೊದಲೇ ಹೇಳಿಬಿಟ್ಟಿದ್ದರು. ಇಂಥದ್ದಕ್ಕೆ ಪ್ರಯೋಗ ಅನ್ನುತ್ತಾರೆ. ನನಗಂತೂ ಕೆಲಸ ಎಲ್ಲಿ ನಡೆಯುತ್ತದೋ ಅಲ್ಲೇ ಕ್ಯಾಮೆರಾ ಇಡೋದು ಎಲ್ಲಕ್ಕಿಂತ ನೇರವಾದ ದಾರಿ ಅನ್ನಿಸುತ್ತದೆ.

ನಾನು ಸೌಂಡ್ ನೋಡಿಕೊಳ್ಳುವವನು. ನಿರ್ದೇಶಕಿ ಧಾರವಾಡದವರು, ಕ್ಯಾಮೆರಾದವನು ಹುಬ್ಬಳ್ಳಿಯವನು. ಈಜುವವರು ಬೆಳಗಾವಿಯ ಆರು ಹುಡುಗಿಯರು, ಎಲ್ಲರೂ ಹೈಸ್ಕೂಲು. ದಸರಾ ರಜೆ ಇದ್ದುದರಿಂದ ದಿನಗಳು ಸಿಕ್ಕವು. ಚಿತ್ರ ಎಲ್ಲ ಬೆಳಗಾವಿಯ ಕೊಳದಲ್ಲೇ ತೆಗೆಯೋದು, ಆಮೇಲೆ ಬಾಗಲಕೋಟೆ, ವಿಜಯಪುರ ಕಡೆಯ ಹೊಂಡ, ಬಾವಿ, ಗುಮ್ಮಟಗಳಲ್ಲಿ ಶಬ್ದ ಹಿಡಿಯೋದು ಅಂತ ಯೋಜನೆ. ಟೈಲ್ಸ್ ಹಾಕಿದ ಕೊಳದ ನೀರಿಗೆ ಒಂದೇ ದನಿ, ಅದರ ಮೇಲೆ ಇಡೀ ಚಿತ್ರ ನಿಲ್ಲಲ್ಲ ಅನ್ನೋದು ನನ್ನ ವಾದ, ನಿರ್ದೇಶಕಿ ಒಪ್ಪಿದರು.

ಬೆಳಿಗ್ಗೆ ಕೊಳಕ್ಕೆ ಹೋದಾಗ ಹುಡುಗಿಯರು ನೀರಿಗೇ ಇಳಿದಿರಲಿಲ್ಲ. ದಡದಲ್ಲಿ ಸಾಲಾಗಿ ನಿಂತು ಕೈ ಆಡಿಸುತ್ತಿದ್ದರು. ಇದಕ್ಕೆ ಲ್ಯಾಂಡ್ ಡ್ರಿಲ್ ಅನ್ನುತ್ತಾರೆ. ನೀರಲ್ಲಿ ಕಾಲು ಮಾಡಬೇಕಾದ್ದನ್ನ ನೆಲದ ಮೇಲೆ ಕೈ ಮಾಡಿ ತೋರಿಸುತ್ತದೆ: ಬಲಗೈ ನೇರ ಮೇಲೆ ಹೋದರೆ ಬಲಗಾಲು ಮೇಲೆ ಅಂತ. ಕೋಚ್ ಅಕ್ಕ ಒಂದರಿಂದ ಎಂಟರವರೆಗೆ ಎಣಿಸುತ್ತಾರೆ, ಮತ್ತೆ ಒಂದರಿಂದ ಶುರು. ಇಬ್ಬರು ಹುಡುಗಿಯರು ಬಾಯಲ್ಲೇ ಮರಾಠಿಯಲ್ಲಿ ಎಣಿಸುತ್ತಾರೆ, ಉಳಿದವರು ಕನ್ನಡದಲ್ಲಿ, ಕೈ ಮಾತ್ರ ಒಂದೇ ಕ್ಷಣಕ್ಕೆ ಬೀಳುತ್ತದೆ. ನಾನು ರೆಕಾರ್ಡರ್ ಹಚ್ಚಿಕೊಂಡು ಕೂತೆ. ಎಷ್ಟೋ ಹೊತ್ತು ಅದನ್ನೇ ಕೇಳಿದೆ.

ಹುಡುಗಿಯರ ಜೊತೆ ಇಬ್ಬರು ತಾಯಂದಿರು ಬಂದಿದ್ದರು. ಒಬ್ಬರ ಮನಸ್ಸಿನಲ್ಲಿ ಅಳುಕಿತ್ತು, ಅದು ಇರಬೇಕಾದ್ದೇ. ಮಕ್ಕಳು ಈಜುಡುಪಿನಲ್ಲಿ, ಅದರ ಜೊತೆ ಕ್ಯಾಮೆರಾ ಬೇರೆ. ನಿರ್ದೇಶಕಿ ಅವರನ್ನ ಮಾನಿಟರ್ ಪಕ್ಕದಲ್ಲೇ ಕುರ್ಚಿ ಹಾಕಿ ಕೂರಿಸಿದರು. "ಎಲ್ಲಾ ಶಾಟ್ ನೀವ ನೋಡ್ರಿ ಅವ್ವಾರ, ನಿಮಗ ಸರಿ ಅನಸ್ಲಿಲ್ಲಂದ್ರ ಅಲ್ಲೇ ಅಳಸ್ತೀವಿ" ಅಂದರು. ಹುಡುಗಿಯರಿಗೆ ಪಾದದವರೆಗೆ ಬರುವ ಕಪ್ಪು ಡ್ರೆಸ್. ಸ್ಪರ್ಧೆಗೆ ಹೋಗುವವರು ಕೂದಲು ಅಲುಗಾಡದಿರಲಿ ಅಂತ ಜೆಲಾಟಿನ್ ಪುಡಿಯನ್ನ ಬಿಸಿನೀರಲ್ಲಿ ಕರಗಿಸಿ ತುರುಬಿಗೆ ಬಳಿದುಕೊಳ್ಳುತ್ತಾರೆ, ಅದು ತಣ್ಣೀರಲ್ಲಿ ಬಿಡುವುದಿಲ್ಲ, ಬಿಸಿನೀರು ಹಾಕಿದರೆ ಮಾತ್ರ ಹೋಗುತ್ತದೆ. ಅದನ್ನ ಯಾವುದರಿಂದ ಮಾಡ್ತಾರೆ ಅಂತ ಆ ತಾಯಿ ಕೇಳಿದರು. ಪ್ರಾಣಿಗಳ ಎಲುಬು, ಚರ್ಮದಿಂದ ಅಂತ ಕೋಚ್ ಅಕ್ಕ ಇದ್ದದ್ದು ಇದ್ದ ಹಾಗೆ ಹೇಳಿದರು. "ಹಂಗಾರ ಬ್ಯಾಡ ಬಿಡ್ರಿ." ಬೇಡವೇ ಬೇಡ. ಟೋಪಿ ಸಾಕು, ಹೇಗೂ ಇದು ಸ್ಪರ್ಧೆ ಅಲ್ಲ.

ಸಂಜೆ ಎಲ್ಲ ಕೂತು ಈ ಆಟದ ಹಳೆಯ ಕಥೆ ಮಾತಾಡಿದೆವು. ಹುಡುಗಿಯರಿಗೆ ಇದು ಗೊತ್ತಿರಲಿ ಅಂತ ನಿರ್ದೇಶಕಿಗೆ ಆಸೆ. ಆಸ್ಟ್ರೇಲಿಯಾದ ಆನೆಟ್ ಕೆಲ್ಲರ್‌ಮನ್ ಚಿಕ್ಕಂದಿನಲ್ಲಿ ಕಾಲು ದುರ್ಬಲ ಅಂತ ಈಜು ಕಲಿತವರು, 1907ರಲ್ಲಿ ನ್ಯೂಯಾರ್ಕಿನ ನಾಟಕಶಾಲೆ ಹಿಪೊಡ್ರೋಮ್‌ನಲ್ಲಿ ಗಾಜಿನ ತೊಟ್ಟಿಯೊಳಗೆ ನೀರಿನ ಬ್ಯಾಲೆ ಮಾಡಿ ತೋರಿಸಿದರು. ಅಂದರೆ ಮೊದಲ ಪ್ರೇಕ್ಷಕರು ನೋಡಿದ್ದು ನೀರಿನ ಒಳಗಿನದ್ದನ್ನೇ! 1934ರಲ್ಲಿ ಶಿಕಾಗೊ ವಿಶ್ವಮೇಳದಲ್ಲಿ ಕ್ಯಾಥರೀನ್ ಕರ್ಟಿಸ್ ತಂಡದ ಹುಡುಗಿಯರು ಬ್ಯಾಂಡಿನ ತಾಳಕ್ಕೆ ಈಜಿದರು. ಸಿಂಕ್ರೊನೈಸ್ಡ್ ಸ್ವಿಮ್ಮಿಂಗ್ ಅನ್ನೋ ಹೆಸರು ಬಂದಿದ್ದು ಅಲ್ಲಿಂದ, ಮೈಕಿನಲ್ಲಿ ಹಾಗೆ ಕರೆದವರು ನಾರ್ಮನ್ ರಾಸ್. ಆಮೇಲೆ 1940ರ ದಶಕದಲ್ಲಿ ಹಾಲಿವುಡ್ ನಟಿ ಎಸ್ತರ್ ವಿಲಿಯಮ್ಸ್ ಸಿನಿಮಾಗಳು ಇದನ್ನ ಊರೂರಿಗೆ ಮುಟ್ಟಿಸಿದವು. ಒಲಿಂಪಿಕ್ಸ್‌ಗೆ ಬಂದಿದ್ದು 1984ರಲ್ಲಿ, ಲಾಸ್ ಏಂಜಲಿಸ್‌ನಲ್ಲಿ, ಆಗ ಒಬ್ಬರದ್ದು ಮತ್ತು ಜೋಡಿ ಮಾತ್ರ. ತಂಡ ಬಂದಿದ್ದು 1996ಕ್ಕೆ. 2017ರಿಂದ ಅಧಿಕೃತ ಹೆಸರು ಆರ್ಟಿಸ್ಟಿಕ್ ಸ್ವಿಮ್ಮಿಂಗ್. ಹಳೇ ಹೆಸರೇ ಚೆಂದ ಅಂತ ಒಬ್ಬ ಹುಡುಗಿ ಅಂದಳು. ಗಂಡಸರೂ ಮಾಡ್ತಾರಾ ಅಂತ ಇನ್ನೊಬ್ಬಳು. ಮಾಡ್ತಾರೆ, 2015ರ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಗಂಡು-ಹೆಣ್ಣಿನ ಜೋಡಿ ಸ್ಪರ್ಧೆ ಶುರುವಾಯಿತು, ಅಮೆರಿಕದ ಬಿಲ್ ಮೇ ಚಿನ್ನ ಗೆದ್ದರು ಅಂದಾಗ ನನ್ನ ತಮ್ಮನನ್ನೂ ಕರೆತರ್ತೀನಿ ಅಂತ ಕೂತಲ್ಲೇ ತೀರ್ಮಾನ ಮಾಡಿದಳು.

ಶನಿವಾರ, ಬೆಳಗಾವಿ

ಬೆಳಗಾಗುವ ಮುಂಚೆಯೇ ಕೊಳಕ್ಕೆ ಹೋಗಿದ್ದಕ್ಕೆ ಕಾರಣ ಪಂಪ್. ಕೊಳದ ನೀರು ಸೋಸುವ ಪಂಪ್ ಓಡುತ್ತಿದ್ದರೆ ನೀರೊಳಗಿನ ಮೈಕ್, ಅಂದರೆ ಹೈಡ್ರೋಫೋನ್, ಬರೀ ಗುಂಯ್ ಅನ್ನೋದನ್ನೇ ಹಿಡಿಯುತ್ತದೆ. ಮೇಲೆ ನಿಂತವರಿಗೆ ಅದು ಕೇಳಿಸುವುದೇ ಇಲ್ಲ. ಕೊಳ ನೋಡಿಕೊಳ್ಳುವ ಹಿರಿಯರು ಮೊದಲು ಆಗಲ್ಲ ಅಂದರು, ಆಮೇಲೆ ಅವರ ಕಿವಿಗೆ ಹೆಡ್‌ಫೋನ್ ಹಾಕಿ ಕೇಳಿಸಿದೆ. ಸ್ವಲ್ಪ ಹೊತ್ತು ಸುಮ್ಮನೆ ಕೇಳಿದರು. "ದಿನಾ ಇಷ್ಟು ಗದ್ಲದಾಗ ಈಸ್ತಾವೇನ್ರಿ ಹುಡುಗೂರು" ಅಂದು ತಾವೇ ಹೋಗಿ ಬಂದ್ ಮಾಡಿ ಬಂದರು. ಜನ ಬರುವವರೆಗೆ ಕೊಳ ನಮ್ಮದಾಯಿತು.

ಕೋಚ್ ಅಕ್ಕನ ಕೈಯಲ್ಲಿ ಒಂದು ಉದ್ದನೆಯ ಸ್ಟೀಲ್ ಸೌಟು. ನೀರಿಗೆ ಇಳಿಯುವ ಏಣಿಯ ಪೈಪಿನ ಮೇಲೆ ಅದರಿಂದ ಟಣ್ ಟಣ್ ಅಂತ ಬಡಿಯುತ್ತಾರೆ. ಸ್ಪರ್ಧೆಗಳಲ್ಲಿ ನೀರೊಳಗೆ ಸ್ಪೀಕರ್ ಇರುತ್ತದೆ, ಅಭ್ಯಾಸದಲ್ಲಿ ಲೋಹ ಬಡಿದು ತಾಳ ಕೊಡೋದು ಎಲ್ಲ ಕಡೆ ಇರುವ ಪದ್ಧತಿ. ಇದರ ಹಿಂದೆ ಒಂದು ಲೆಕ್ಕ ಇದೆ, ನನಗೆ ಈ ಇಡೀ ಚಿತ್ರದಲ್ಲಿ ಬಹಳ ಹಿಡಿಸಿದ್ದು ಅದೇ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ, ನೀರಲ್ಲಿ ಸುಮಾರು 1,500. ನಾಲ್ಕು ಪಟ್ಟಿಗಿಂತ ಜಾಸ್ತಿ. 25 ಮೀಟರಿನ ಕೊಳದ ಒಂದು ತುದಿಯಲ್ಲಿ ಬಡಿದರೆ ಇನ್ನೊಂದು ತುದಿಗೆ ಮುಟ್ಟಲು ಸೆಕೆಂಡಿನ ಅರವತ್ತರಲ್ಲಿ ಒಂದು ಭಾಗ ಸಾಕು. ಅಂದರೆ ಹತ್ತಿರ ಇದ್ದವಳಿಗೂ ದೂರ ಇದ್ದವಳಿಗೂ ಆ ಟಣ್ ಹೆಚ್ಚುಕಡಿಮೆ ಒಂದೇ ಸಲ ಕೇಳಿಸುತ್ತದೆ. ಇನ್ನೊಂದು ಸಂಗತಿ ಅಂದರೆ ಅಷ್ಟು ವೇಗದಲ್ಲಿ ಬಂದ ಶಬ್ದ ಎಡಗಿವಿಗೂ ಬಲಗಿವಿಗೂ ಒಟ್ಟಿಗೇ ಬಂದ ಹಾಗಿರುತ್ತದೆ, ಅದಕ್ಕೇ ನೀರೊಳಗೆ ಶಬ್ದ ಯಾವ ದಿಕ್ಕಿನಿಂದ ಬಂತು ಅಂತ ಗೊತ್ತಾಗಲ್ಲ. ಎಲ್ಲ ಕಡೆಯಿಂದಲೂ ಬಂದ ಹಾಗೆ, ತಲೆಯೊಳಗಿಂದಲೇ ಬಂದ ಹಾಗೆ.

"ಪಕ್ಕದವಳನ್ನ ನೋಡ್ಕೊಂಡು ಮಾಡ್ತೀರಾ?" ಅಂತ ಎಲ್ಲರಿಗಿಂತ ಚಿಕ್ಕ ಹುಡುಗಿಯನ್ನ ಕೇಳಿದೆ. ತಲೆ ಅಲ್ಲಾಡಿಸಿದಳು. "ನೋಡಿದ್ರ ತಡಾ ಆಗ್ತೈತ್ರಿ ಅಣ್ಣಾ. ನೋಡಿ ಮಾಡೂದ್ರಾಗ ಆಕಿ ಮುಂದ ಹೋಗಿರ್ತಾಳ. ಕೇಳಿ ಮಾಡಬೇಕ್ರಿ." ಚಿತ್ರದಲ್ಲಿ ನಾವು ಹೇಳಬೇಕಾದ್ದು ಇಷ್ಟೇ ಅಂತ ನನಗೆ ಆಗಲೇ ಅನ್ನಿಸಿತು. ಒಟ್ಟಿಗೆ ಆಗೋದು ಕಣ್ಣಿನಿಂದ ಅಲ್ಲ, ಕಿವಿಯಿಂದ.

ಇನ್ನು ಕೈಗಳ ವಿಷಯ. ತಲೆ ಕೆಳಗೆ, ಕಾಲು ಮೇಲೆ ಮಾಡಿ ನಿಂತಾಗ ಮೊಣಕೈ ಪಕ್ಕೆಗೆ ಅಂಟಿಕೊಂಡಿರುತ್ತದೆ. ಮುಂಗೈ ಅಡ್ಡಲಾಗಿ, ಅಂಗೈ ಕೊಳದ ತಳದ ಕಡೆ. ಆ ಮುಂಗೈ ಮಾತ್ರ ಒಳಗೆ ಹೊರಗೆ, ಒಳಗೆ ಹೊರಗೆ, ಒಂದು ಕ್ಷಣವೂ ನಿಲ್ಲದೆ ನೀರನ್ನ ಸವರುತ್ತಿರುತ್ತದೆ. ಸ್ಕಲ್ಲಿಂಗ್ ಅನ್ನುತ್ತಾರೆ. ಕೈ ಒಂದು ಚೂರು ಓರೆಯಾಗಿ ಎರಡೂ ಕಡೆಗೆ ನೀರನ್ನ ಕೆಳಗೆ ಒತ್ತುತ್ತದೆ, ಆ ಒತ್ತು ಕಾಲುಗಳನ್ನ ನೀರಿನ ಮೇಲೆ ಎತ್ತಿ ಹಿಡಿಯುತ್ತದೆ. ಒಲಿಂಪಿಕ್ಸಿನವರಿಗೂ ತಳ ಮುಟ್ಟುವ ಹಾಗಿಲ್ಲ, ಎತ್ತೋದು, ಎಸೆಯೋದು ಎಲ್ಲ ನೀರಿನ ಮೇಲೇ ಭಾರ ಹಾಕಿ. ಮಾನಿಟರ್ ಪಕ್ಕ ಕೂತಿದ್ದ ತಾಯಿ ಮಗಳ ಕೈ ದೊಡ್ಡದಾಗಿ ಕಂಡಾಗ ಮುಂದೆ ಬಗ್ಗಿದರು. "ಅಯ್ಯ, ರೊಟ್ಟಿ ಬಡದಂಗ ಐತಲ್ಲ!" ಅಂದರು. ಹೌದು, ಅಂಗೈಯ ಭಾರ, ಬೆರಳಿನ ಬಿಗಿ, ನಿಲ್ಲದ ತಾಳ ಎಲ್ಲ ಅದೇ. ಅಲ್ಲಿಂದ ಅವರು ಸುಮ್ನೆ ಕೂರಲಿಲ್ಲ. "ಆ ಬೆರಳು ತೋರಸ್ರಿ, ಕಾಲು ಸಾಕು" ಅಂತ ಕ್ಯಾಮೆರಾದವನಿಗೆ ಹೇಳತೊಡಗಿದರು, ಅವನೂ ಕೇಳಿದ, ಆ ಶಾಟ್ ಚಿತ್ರದಲ್ಲಿ ಉಳಿಯುತ್ತದೆ.

ಚಿತ್ರದ ಮುಖ್ಯ ಯೋಚನೆ ಒಂದಿದೆ: ಎಲ್ಲವನ್ನೂ ತಲೆಕೆಳಗಾಗಿ ತೋರಿಸೋದು. ನೀರಿನ ತಳದಿಂದ ಮೇಲೆ ನೋಡಿದರೆ ನೆತ್ತಿಯ ಮೇಲೆ ಒಂದು ಬೆಳಕಿನ ವೃತ್ತ ಕಾಣುತ್ತದೆ. ಹೊರಗಿನ ಆಕಾಶ, ದಡ, ನಿಂತ ಜನ ಎಲ್ಲ ಆ ವೃತ್ತದೊಳಗೆ ಅಡಕವಾಗಿರುತ್ತಾರೆ. ವೃತ್ತದ ಆಚೆ ನೀರಿನ ಮೇಲ್ಮೈ ಬರೀ ಕನ್ನಡಿ, ಅಲ್ಲಿ ಕೊಳದ ತಳವೇ ಪ್ರತಿಫಲಿಸುತ್ತದೆ. ಬೆಳಕು ನೀರಿನಿಂದ ಗಾಳಿಗೆ, ನೆಟ್ಟಗೆ ಮೇಲೆ ಹೋಗುವ ಗೆರೆಯಿಂದ ಸುಮಾರು 49 ಡಿಗ್ರಿಗಿಂತ ಓರೆಯಾಗಿ ಹೋಗಲಾರದು, ವಾಪಸ್ ತಿರುಗುತ್ತದೆ, ಅದಕ್ಕೆ ಹೀಗೆ. ಈಗ ಈ ಚಿತ್ರವನ್ನ ಬುಡಮೇಲು ಮಾಡಿ. ಕನ್ನಡಿಯೇ ನೆಲವಾಗುತ್ತದೆ, ಆರು ಹುಡುಗಿಯರು ಆ ಬೆಳ್ಳಿ ನೆಲದ ಮೇಲೆ ನೆಟ್ಟಗೆ ನಿಂತಿರುತ್ತಾರೆ, ಮೊಣಕಾಲಿನ ಕೆಳಗೆ ಅವರ ಕಾಲು ನೆಲದಲ್ಲಿ ಕರಗಿಹೋಗಿರುತ್ತದೆ. ಮಾನಿಟರ್ ತಿರುಗಿಸಿ ತೋರಿಸಿದಾಗ ಹುಡುಗಿಯರು ಕಿರುಚಿದ್ದು ಇನ್ನೂ ನನ್ನ ರೆಕಾರ್ಡಿಂಗ್‌ನಲ್ಲಿ ಇದೆ.

ನಿರ್ದೇಶಕಿಗೆ ಈ ಧೈರ್ಯ ಬಂದಿದ್ದು ಫ್ರೆಂಚ್ ನಿರ್ದೇಶಕ ಜಾನ್ ವಿಗೊ 1931ರಲ್ಲಿ ಮಾಡಿದ ಕಿರುಚಿತ್ರದಿಂದ. ಫ್ರಾನ್ಸಿನ ಈಜುಗಾರ ಜಾನ್ ತಾರಿಸ್ ಬಗ್ಗೆ ತೆಗೆದದ್ದು. ಕೊಳದ ಗೋಡೆಯ ಗಾಜಿನ ಕಿಟಕಿಯಿಂದ ನೀರೊಳಗಿನ ದೇಹವನ್ನ ನಿಧಾನಗತಿಯಲ್ಲಿ ಹಿಡಿದಿದ್ದಾರೆ, ಈಜುಗಾರ ನೀರಿನಿಂದ ಹಿಮ್ಮುಖವಾಗಿ ದಡಕ್ಕೆ ಹಾರಿ ನಿಲ್ಲುತ್ತಾನೆ. ಆಗ ಇಂಥದ್ದು ಮಾಡಬಹುದಿದ್ದರೆ ಈಗ ಬಾಡಿಗೆಗೆ ಅಂಡರ್‌ವಾಟರ್ ಹೌಸಿಂಗ್, ಅಂದರೆ ಕ್ಯಾಮೆರಾಕ್ಕೆ ನೀರು ತಾಗದ ಪೆಟ್ಟಿಗೆ, ಸಿಗುವಾಗ ನಾವು ಹೆದರೋದು ಯಾಕೆ ಅನ್ನೋದು ಅವರ ಮಾತು. ನಾವು ಸೆಕೆಂಡಿಗೆ 120 ಫ್ರೇಮ್ ತೆಗೆದೆವು. ಅದನ್ನ 24ಕ್ಕೆ ಓಡಿಸಿದರೆ ಐದು ಪಟ್ಟು ನಿಧಾನ. ಆ ನಿಧಾನದಲ್ಲಿ ಸಣ್ಣ ತಪ್ಪೂ ಅಡಗಲ್ಲ, ಯಾವ ಹುಡುಗಿಯ ಮೊಣಕಾಲು ಮೊದಲು ಮಡಚಿತು ಅಂತ ಸ್ಪಷ್ಟವಾಗಿ ಕಾಣುತ್ತದೆ. ಆರೂ ಜನ ಒಂದೇ ಟಣ್‌ಗೆ ಮಡಚಿದ ಟೇಕ್ ಸಿಕ್ಕಾಗ ಕೋಚ್ ಅಕ್ಕ ಸೌಟು ಕೆಳಗಿಟ್ಟು ಕಣ್ಣು ಒರೆಸಿಕೊಂಡರು.

ಭಾನುವಾರ, ಮಹಾಕೂಟ

ಯರಗಟ್ಟಿ, ಲೋಕಾಪುರ ದಾಟಿ ಬಾದಾಮಿ ಕಡೆ ಹೊರಟೆವು. ಒಂದು ಕ್ರೂಸರ್ ಗಾಡಿ, ಒಳಗೆ ಹುಡುಗಿಯರು, ತಾಯಂದಿರು, ಕೋಚ್ ಅಕ್ಕ, ಕಾಲಿಟ್ಟಲ್ಲೆಲ್ಲ ಪೆಟ್ಟಿಗೆಗಳು. ರಸ್ತೆ ಪಕ್ಕ ಕಬ್ಬು, ಗೋವಿನಜೋಳ. ಹುಡುಗಿಯರಿಗೆ ಚಿತ್ರದ ಕೆಲಸ ಮುಗಿದಿತ್ತು, ಆದರೂ ಬಿಟ್ಟು ಬರೋ ಮನಸ್ಸು ನಮಗೂ ಇರಲಿಲ್ಲ, ಗೋಳಗುಮ್ಮಟ ಅವರಲ್ಲಿ ನಾಲ್ಕು ಜನ ನೋಡೇ ಇರಲಿಲ್ಲ.

ಮಹಾಕೂಟಕ್ಕೆ ಹೋಗಿದ್ದು ಅಲ್ಲಿನ ಪುಷ್ಕರಣಿಗಾಗಿ. ಚಾಲುಕ್ಯರ ಕಾಲದ ಗುಡಿಗಳ ನಡುವೆ ಊಟೆಯ ನೀರಿನ ಹೊಂಡ. ನೀರು ಒಂದೇ ಸಮನೆ ಬರುತ್ತಿರುತ್ತದೆ, ತಿಳಿಯಾಗಿರುತ್ತದೆ, ದಂಡೆಯ ಹತ್ತಿರ ನೀರಿನಲ್ಲೇ ಒಂದು ಪುಟ್ಟ ಮಂಟಪ, ಒಳಗೆ ಮುಖಲಿಂಗ. ಸುತ್ತ ಆಲದ ಮರ. ಸುತ್ತಲಿನ ಹಳ್ಳಿಯ ಹುಡುಗರಿಗೆ ಈಸು ಕಲಿಯೋ ಜಾಗ ಇದೇ. ನಾವು ಹೋದಾಗ ಹುಡುಗರು ಕಟ್ಟೆಯಿಂದ ಜಿಗಿಯುತ್ತಿದ್ದರು. ಒಬ್ಬ ಪುಟ್ಟ ಪೋರ ಬೆನ್ನಿಗೆ ಖಾಲಿ ಎಣ್ಣೆ ಕ್ಯಾನ್ ಕಟ್ಟಿಕೊಂಡು ಕಾಲು ಬಡಿಯುತ್ತಿದ್ದ, ಅವನ ಕಾಕಾ ಮೆಟ್ಟಿಲ ಮೇಲೆ ನಿಂತು "ಕೈ ಮುಂದ ಚಾಚೋ, ಹೆದರಬ್ಯಾಡ" ಅಂತ ಕೂಗುತ್ತಿದ್ದರು.

ಇಲ್ಲಿ ಚಿತ್ರ ತೆಗೆಯುವ ಮಾತೇ ಇರಲಿಲ್ಲ. ಗುಡಿಯ ಹೊಂಡ, ಜನ ಮೀಯುವ ಜಾಗ. ಪೂಜಾರಿಗಳನ್ನ ಕೇಳಿ ಹೈಡ್ರೋಫೋನ್ ಮಾತ್ರ ಒಂದು ಮೂಲೆಯಲ್ಲಿ ಇಳಿಬಿಟ್ಟೆ. ಹೆಡ್‌ಫೋನ್ ಹಾಕಿದ ಕೂಡಲೇ ಬೆಳಗಾವಿಯ ಕೊಳಕ್ಕೂ ಇದಕ್ಕೂ ಎಷ್ಟು ದೂರ ಅಂತ ಗೊತ್ತಾಯಿತು. ಕೊಳದಲ್ಲಿ ಪ್ರತಿ ಟಣ್ ಗೋಡೆಗೆ ಬಡಿದು ವಾಪಸ್ ಬರುತ್ತದೆ, ಟೈಲ್ಸ್ ಏನನ್ನೂ ಇಟ್ಟುಕೊಳ್ಳುವುದಿಲ್ಲ. ಇಲ್ಲಿ ಮೆಟ್ಟಿಲು, ಪಾಚಿ, ಕಲ್ಲಿನ ಸಂದು ಎಲ್ಲ ಶಬ್ದವನ್ನ ಮೆತ್ತಗೆ ಮಾಡುತ್ತವೆ. ಹುಡುಗ ಜಿಗಿದರೆ ಮೊದಲು ಒಂದು ಧಪ್, ಅದರ ಹಿಂದೆಯೇ ಗುಳ್ಳೆಗಳು ಮೇಲೇರುವ ಉದ್ದನೆಯ ಸದ್ದು, ಆಮೇಲೆ ಕೆಳಗಡೆ ಎಲ್ಲೋ ಒಂದೇ ಸಮ ಒಂದು ಸಣ್ಣ ಸುರ್ ಅನ್ನೋ ಸದ್ದು. ಅದು ಹೊರಹೋಗುವ ನೀರಿನದೋ ಒಳಬರುವ ನೀರಿನದೋ, ಯಾವುದಾದರೂ ಸರಿ, ಹೊಂಡಕ್ಕೇ ಉಸಿರು ಇದೆ ಅನ್ನಿಸಿತು. ಹೆಡ್‌ಫೋನ್ ಆರೂ ಹುಡುಗಿಯರ ಕೈ ದಾಟಿ ಕ್ಯಾನ್ ಕಟ್ಟಿಕೊಂಡ ಪೋರನ ಕಿವಿಗೂ ಹೋಯಿತು. ಅವನ ಗೆಳೆಯರು ನೀರಿನೊಳಗೆ ಕಲ್ಲಿಗೆ ಕಲ್ಲು ತಾಗಿಸಿದರು, ಅದನ್ನ ಕೇಳಿ ಅವನು ಕ್ಯಾನ್ ಬಿಚ್ಚೋದನ್ನೇ ಮರೆತು ನಿಂತ.

ಹುಡುಗಿಯರು ಮೆಟ್ಟಿಲ ಮೇಲೆ ಕೂತು ಕಾಲು ಇಳಿಬಿಟ್ಟರು. ಕೋಚ್ ಅಕ್ಕ ಆ ಕಾಕಾನ ಹತ್ತಿರ ಮಾತಿಗೆ ಕೂತರು, ನಮ್ಮ ಹಳ್ಳಿಗಳಲ್ಲಿ ಗಂಡುಹುಡುಗರಿಗೆ ತೋಟದ ಬಾವಿ, ಕಾಲುವೆ, ಹೊಂಡ ಎಲ್ಲ ಈಜುಶಾಲೆಯೇ, ಹೆಣ್ಣುಮಕ್ಕಳಿಗೆ ಎಲ್ಲಿದೆ ಹೇಳಿ ಅಂತ. "ನಮ್ಮ ಮಗಳೂ ಕೇಳ್ತಾಳ್ರಿ ಬಾಯಾರ, ಎಲ್ಲಿ ಕಲಸೂಣು" ಅಂದರು ಅವರು. ಅದಕ್ಕೆ ನಮ್ಮಲ್ಲಿ ಯಾರ ಬಳಿಯೂ ತಕ್ಷಣ ಕೊಡುವಂಥ ಉತ್ತರ ಇರಲಿಲ್ಲ. ಈಜು ಬರದೆ ನೀರಲ್ಲಿ ಜೀವ ಹೋದ ಸುದ್ದಿ ಪ್ರತಿ ಬೇಸಿಗೆಯಲ್ಲಿ ಓದುತ್ತೇವೆ. ತಾಲ್ಲೂಕಿಗೊಂದು ಕೊಳ, ಅಲ್ಲಿ ಹೆಣ್ಣುಮಕ್ಕಳಿಗೆ ಬೇರೆ ಹೊತ್ತು, ಕಲಿಸಲು ಹೆಣ್ಣುಮಗಳು. ಇಷ್ಟಾದರೆ ಎಷ್ಟೋ ಆಯಿತು.

ಮಧ್ಯಾಹ್ನ ಬನಶಂಕರಿಗೆ ಹೋಗಿ ಗುಡಿ ಮುಂದೆ ಬುಟ್ಟಿ ಇಟ್ಟುಕೊಂಡು ಕೂರುವ ಅಜ್ಜಿಯರ ಹತ್ತಿರ ಜೋಳದ ರೊಟ್ಟಿ, ಕೆಂಪು ಖಾರ, ಮೊಸರು. ಕೊಳದಲ್ಲಿ ರೊಟ್ಟಿ ಬಡದಂಗ ಅಂದಿದ್ದ ತಾಯಿ ಅಲ್ಲಿನ ಅಜ್ಜಿಯೊಬ್ಬರ ಅಂಗೈಯನ್ನೇ ನೋಡುತ್ತಿದ್ದರು. ರಾತ್ರಿ ಬಾದಾಮಿಯಲ್ಲೇ ಉಳಿದೆವು.

ಸೋಮವಾರ, ಕೂಡಲಸಂಗಮ, ಆಲಮಟ್ಟಿ

ಈ ದಿನ ಹೆಚ್ಚೇನೂ ಸಿಗಲಿಲ್ಲ. ಕೂಡಲಸಂಗಮದಲ್ಲಿ ಕೃಷ್ಣೆ, ಮಲಪ್ರಭೆ ತುಂಬಿದ್ದವು. ಐಕ್ಯಮಂಟಪಕ್ಕೆ ಇಳಿದು ಹೋಗಿ ಕೈಮುಗಿದೆವು. ಗಾಳಿ ಬಹಳ ಇತ್ತು, ಮೈಕ್ ಹೊರಗೆ ತೆಗೆಯಲೇ ಇಲ್ಲ.

ಸಂಜೆ ಆಲಮಟ್ಟಿ. ಕೃಷ್ಣೆಗೆ ಅಡ್ಡಲಾಗಿ 26 ಗೇಟುಗಳ ಅಣೆಕಟ್ಟು, ಪಕ್ಕದಲ್ಲಿ ಉದ್ಯಾನ, ಅಲ್ಲಿ ಹಾಡಿಗೆ ಕುಣಿಯುವ ಕಾರಂಜಿ. ಹುಡುಗಿಯರು ಮುಂದಿನ ಸಾಲಿನಲ್ಲೇ ಕೂತರು. ನೂರಾರು ನೀರಿನ ಧಾರೆ ಒಟ್ಟಿಗೆ ಏಳುತ್ತವೆ, ಒಟ್ಟಿಗೆ ಬೀಳುತ್ತವೆ, ಜನ ಸಿಳ್ಳೆ ಹೊಡೆಯುತ್ತಾರೆ. ಚೆಂದ ಇದೆ, ನೋಡಲೇಬೇಕಾದ್ದು. ಆದರೆ ಹುಡುಗಿಯೊಬ್ಬಳು ಬೇಗ ಎದ್ದು ಬಂದಳು. ಯಾಕವ್ವ ಅಂದರೆ "ಇವಕ್ಕ ದಮ್ಮ ಹತ್ತೂದಿಲ್ಲಲ್ರಿ" ಅಂದಳು. ಅವಳ ಮಾತು ಸರಿ. ಯಂತ್ರ ಒಟ್ಟಿಗೆ ಮಾಡೋದರಲ್ಲಿ ಕಷ್ಟ ಏನಿದೆ? ಒಬ್ಬಳ ಉಸಿರು ಮೊದಲು ಮುಗಿಯುತ್ತದೆ, ಇನ್ನೊಬ್ಬಳ ತೋಳು ಚಿಕ್ಕದು, ಮತ್ತೊಬ್ಬಳಿಗೆ ಭಯ, ಇಷ್ಟಿದ್ದೂ ಆರು ಜನ ಒಂದೇ ತಾಳಕ್ಕೆ ಬೀಳೋದು ಬೇರೆಯೇ ವಿಷಯ. ವಿಜಯಪುರ ಮುಟ್ಟಿದಾಗ ಊಟದ ಹೊತ್ತು ಮೀರಿತ್ತು.

ಮಂಗಳವಾರ, ವಿಜಯಪುರ

ಗೋಳಗುಮ್ಮಟಕ್ಕೆ ಬೆಳಿಗ್ಗೆ ಬಾಗಿಲು ತೆಗೆಯುವ ಹೊತ್ತಿಗೇ ಹೋಗಬೇಕು. ತಡವಾದರೆ ಜನ ಬಂದು ಪಿಸುಗುಟ್ಟುವ ಗ್ಯಾಲರಿಯಲ್ಲಿ ಕೂಗಾಟ ಶುರು ಮಾಡುತ್ತಾರೆ, ಆಮೇಲೆ ಯಾರ ದನಿಯೂ ಯಾರದ್ದೂ ಅಲ್ಲ. ಪುರಾತತ್ವ ಇಲಾಖೆಯ ಜಾಗ ಅಂದಮೇಲೆ ಚಿತ್ರೀಕರಣಕ್ಕೆ ಮೊದಲೇ ಅನುಮತಿ ಬೇಕು, ಶಬ್ದ ಅಷ್ಟೇ ಹಿಡಿಯುವುದಾದರೂ ಕಾಗದ ಇಟ್ಟುಕೊಂಡು ಹೋಗೋದು ಒಳ್ಳೇದು. ನಮ್ಮ ನಿರ್ದೇಶಕಿ ಅದರಲ್ಲಿ ಬಹಳ ಕಟ್ಟುನಿಟ್ಟು.

ಮೂಲೆಯ ಗೋಪುರದೊಳಗಿನ ಕಡಿದಾದ ಮೆಟ್ಟಿಲು ಏಳು ಅಂತಸ್ತು ಹತ್ತಬೇಕು. ಹುಡುಗಿಯರು ಓಡಿಯೇ ಹತ್ತಿದರು, ಉಸಿರು ಹಿಡಿದು ಪಳಗಿದ ಎದೆ ಅಲ್ವಾ. ಸುಲ್ತಾನ ಮುಹಮ್ಮದ್ ಆದಿಲ್ ಶಾಹನ ಸಮಾಧಿ ಇದು, ಅವನು ತೀರಿಕೊಂಡ 1656ರ ಹೊತ್ತಿನದು. ಗುಮ್ಮಟದ ಒಳ ಅಗಲ ಸುಮಾರು 38 ಮೀಟರ್, ನಡುವೆ ಒಂದು ಕಂಬವೂ ಇಲ್ಲ. ಗ್ಯಾಲರಿಯ ಒಂದು ಬದಿಯಲ್ಲಿ ಗೋಡೆಗೆ ಬಾಯಿ ಇಟ್ಟು ಪಿಸುಗುಟ್ಟಿದರೆ ಎದುರು ಬದಿಯಲ್ಲಿ ಕಿವಿ ಇಟ್ಟವರಿಗೆ ಕೇಳಿಸುತ್ತದೆ. ಶಬ್ದ ಬಾಗಿದ ಗೋಡೆಯನ್ನ ಹಿಡಿದುಕೊಂಡೇ ಸಾಗುತ್ತದೆ, ನಡುವಿನ ಗಾಳಿಯಲ್ಲಿ ಚೆದುರಿ ಹೋಗುವುದಿಲ್ಲ. ಒಂದು ಚಪ್ಪಾಳೆ ತಟ್ಟಿದರೆ ಏಳು ಸಲ ಕೇಳುತ್ತೆ ಅಂತ ನಮ್ಮ ಕಡೆ ಎಲ್ಲರೂ ಹೇಳುತ್ತಾರೆ.

ಮೊದಲು ಕೋಚ್ ಅಕ್ಕ ಒಂದರಿಂದ ಎಂಟು ಎಣಿಸಿದರು. ಕೆಟ್ಟಿತು. ಮೂರು ಅನ್ನುವಷ್ಟರಲ್ಲಿ ಒಂದು ಇನ್ನೂ ಸುತ್ತುತ್ತಿತ್ತು, ಎಲ್ಲ ಕಲಸಿಹೋಯಿತು. ಎಣಿಕೆ ಬೇಡ, ಒಂದೇ ಒಂದು ಚಪ್ಪಾಳೆ ಸಾಕು ಅಂತ ನಾನು ಕೇಳಿಕೊಂಡೆ. ಚಿಕ್ಕ ಹುಡುಗಿ ತಟ್ಟಿದಳು. ಮಿಕ್ಕವರು ಗ್ಯಾಲರಿಯ ಸುತ್ತ ದೂರದೂರ ನಿಂತು ಕಣ್ಣು ಮುಚ್ಚಿಕೊಂಡಿದ್ದರು. ಚಪ್ಪಾಳೆ ಹೋಯಿತು, ಬಂತು, ಮತ್ತೆ ಬಂತು, ಪ್ರತಿ ಸಲ ಸ್ವಲ್ಪ ದಪ್ಪ, ಸ್ವಲ್ಪ ಮಂಕು. ಯಾರೂ ಹೇಳಿಕೊಟ್ಟಿರಲಿಲ್ಲ, ಆದರೂ ಆರೂ ಹುಡುಗಿಯರು ಆ ಮರುದನಿಗೆ ಸರಿಯಾಗಿ ಕೈಯಾಡಿಸಲು ಶುರು ಮಾಡಿದರು, ಅದೇ ಲ್ಯಾಂಡ್ ಡ್ರಿಲ್, ಬಲಗೈ ಮೇಲೆ, ಎಡಗೈ ಮೇಲೆ, ಮಡಚು, ತಿರುಗು. ಹಿಂದೆ ನಿಂತ ಕಾವಲುಗಾರರೂ ಬೆರಗಾಗಿ ನೋಡಿದರು. ಇಲ್ಲಿ ಗಾಳಿಯಲ್ಲಿ ಶಬ್ದಕ್ಕೆ ಅಗಲ ದಾಟಲು ಸೆಕೆಂಡಿನ ಹತ್ತರಲ್ಲಿ ಒಂದು ಭಾಗಕ್ಕಿಂತ ಜಾಸ್ತಿ ಬೇಕು, ನೀರಾಗಿದ್ದರೆ ನಲವತ್ತರಲ್ಲಿ ಒಂದು ಭಾಗ ಸಾಕಿತ್ತು. ನೀರಿನಲ್ಲಿ ಹಿಡಿಯಲಾಗದಷ್ಟು ಬೇಗ ನಡೆಯುವುದನ್ನ ಗುಮ್ಮಟ ಬಿಡಿಸಿ ಬಿಡಿಸಿ ಕೇಳಿಸುತ್ತದೆ. ನಾನು ಈ ಯಾತ್ರೆಗೆ ಬಂದಿದ್ದೇ ಇದಕ್ಕಾಗಿ.

ಗುಮ್ಮಟದ ಮುಂದಿನ ಮ್ಯೂಸಿಯಂ ಕೂಡ ನೋಡಿದೆವು. ಮಹಾಕೂಟದ ಕಂಬ ಇಲ್ಲೇ ಇದೆ, ಚಾಲುಕ್ಯ ಮಂಗಳೇಶನ ಕಾಲದ ಶಾಸನ ಇರುವ ಕಂಬ. ಭಾನುವಾರ ಕಾಲು ಇಳಿಬಿಟ್ಟು ಕೂತಿದ್ದ ಜಾಗದಿಂದ ಬಂದದ್ದು ಅಂದಾಗ ಹುಡುಗಿಯರು ಸುತ್ತ ನಿಂತು ಅಕ್ಷರ ನೋಡಿದರು.

ಮಧ್ಯಾಹ್ನ ತಾಜ್ ಬಾವಡಿ. ಎರಡನೇ ಇಬ್ರಾಹಿಂ ಆದಿಲ್ ಶಾಹನ ಕಾಲದ್ದು, 1620ರದ್ದು, ಅವನ ರಾಣಿ ತಾಜ್ ಸುಲ್ತಾನಾಳ ಹೆಸರಿನದು. ದೊಡ್ಡ ಕಮಾನು, ಅಕ್ಕಪಕ್ಕ ಗೋಪುರ, ಒಳಗೆ ಚೌಕದ ಹಸಿರು ನೀರು. ಇಳಿಯುವ ಹಾಗಿಲ್ಲ, ಇಳಿಯಬೇಕಾಗಿಯೂ ಇರಲಿಲ್ಲ. ಆಗಿನ ವಿಜಯಪುರಕ್ಕೆ ತೊರವಿ ಕಡೆಯಿಂದ ನೆಲದಡಿಯ ಸುರಂಗದಲ್ಲಿ ನೀರು ಬರುತ್ತಿತ್ತು, ಕಾರೇಜ್ ಅನ್ನುವ ವ್ಯವಸ್ಥೆ. ಉದ್ದಕ್ಕೂ ಅಲ್ಲಲ್ಲಿ ಗಾಳಿಗಾಗಿ ಬಾವಿಯಂಥ ಕಿಂಡಿಗಳು. ಮೇಲೆ ಓಡಾಡುವವರಿಗೆ ಕಾಣಿಸದೆ ಇಡೀ ಊರಿಗೆ ನೀರು ಕುಡಿಸಿದ ಕೆಲಸ ಅದು. ನಿರ್ದೇಶಕಿ ಮೆಟ್ಟಿಲ ಮೇಲೆ ಕೂತು ಬಹಳ ಹೊತ್ತು ಏನೋ ಬರೆದುಕೊಂಡರು. ಚಿತ್ರದ ಮೊದಲ ನಿಮಿಷ ಪೂರ್ತಿ ಕತ್ತಲೆ, ಅದರಲ್ಲಿ ಮಹಾಕೂಟದ ಹೊಂಡದ ಸದ್ದು ಮಾತ್ರ ಅಂತ ಅಲ್ಲೇ ನಿಶ್ಚಯ ಆಯಿತು.

ಬುಧವಾರ, ವಿಜಯಪುರದಿಂದ ವಾಪಸ್

ರಾತ್ರಿಯೆಲ್ಲ ಲಾಡ್ಜಿನಲ್ಲಿ ಲ್ಯಾಪ್‌ಟಾಪ್ ಮುಂದೆ ಕೂತಿದ್ದೆವು. ಬೆಳಗಾವಿಯ ಚಿತ್ರಕ್ಕೆ ಗೋಳಗುಮ್ಮಟದ ಚಪ್ಪಾಳೆ ಹಾಕಿದರೆ ತಾಳ ಕೂಡಲಿಲ್ಲ. ಶಬ್ದವನ್ನ ಎಳೆದು ಚಿತ್ರಕ್ಕೆ ಹೊಂದಿಸೋಣ ಅಂದ ಕ್ಯಾಮೆರಾದವನು. ನಿರ್ದೇಶಕಿ ಬೇಡ ಅಂದರು, ಹುಡುಗಿಯರು ಶಬ್ದಕ್ಕೆ ದೇಹ ಹೊಂದಿಸಿದ್ದಾರೆ, ನಾವೂ ಚಿತ್ರವನ್ನೇ ಹೊಂದಿಸಬೇಕು ಅಂದರು. ಹಾಗೇ ಮಾಡಿದೆವು. ಪ್ರತಿ ಮರುದನಿಗೆ ಒಂದೊಂದು ಕಾಲು ಮಡಚುವ ಹಾಗೆ ಫ್ರೇಮುಗಳನ್ನ ನಿಧಾನ ಮಾಡುತ್ತ ಹೋದರೆ ಬೆಳಗಿನ ಜಾವಕ್ಕೆ ಕೂಡಿಬಂತು, ತಲೆಕೆಳಗಾದ ಆ ಬೆಳ್ಳಿ ನೆಲದ ಮೇಲೆ ಆರು ಜನ ಗುಮ್ಮಟದ ಚಪ್ಪಾಳೆಗೆ ಹೆಜ್ಜೆ ಇಡುತ್ತಿದ್ದರು. ನಿದ್ದೆ ಇಲ್ಲದ ಕಣ್ಣಿಗೂ ಅದು ಚೆನ್ನಾಗಿಯೇ ಕಂಡಿತು.

ಬೆಳಿಗ್ಗೆ ಚಹಾ ಹೊತ್ತಿಗೆ ಎಲ್ಲರಿಗೂ ತೋರಿಸಿದೆವು. ಮುಗಿದ ಮೇಲೆ ಚಿಕ್ಕ ಹುಡುಗಿ ಕೇಳಿದಳು: "ಎಂಟಕ್ಕ ನಾವು ಮ್ಯಾಲೆ ಬಂದು ಉಸರ ತಗೋತೀವಲ್ರಿ, ಅದೆಲ್ಲಿ?" ಚಿತ್ರದಲ್ಲಿ ಎಂಟನೇ ಎಣಿಕೆಗೆ ಅವರ ತಲೆ ನೀರಿನಿಂದ ಹೊರಗೆ ಹೋಗುತ್ತದೆ, ಕೆಳಗಿನಿಂದ ನೋಡುವವರಿಗೆ ಕತ್ತಿನವರೆಗೆ ಮಾತ್ರ ಕಾಣುತ್ತದೆ, ಶಬ್ದವೂ ಇಲ್ಲ. ಮೇಲಿನ ಶಾಟ್ ಇರಬಾರದು ಅನ್ನೋದು ನಿಯಮ. ಆದರೆ ಮೇಲಿನ ಶಬ್ದ ಇರಬಾರದು ಅಂತ ಯಾರು ಹೇಳಿದ್ದಾರೆ? ಆರು ಜನ ಒಂದೇ ಸಲ ಎಳೆದುಕೊಳ್ಳುವ ಆ ಉಸಿರು ಚಿತ್ರಕ್ಕೆ ಬೇಕೇ ಬೇಕು ಅಂತ ತಾಯಂದಿರೂ ಸೇರಿ ಎಲ್ಲರೂ ಒಪ್ಪಿದರು. ಅದನ್ನ ನಾವು ಹಿಡಿದಿಲ್ಲ. ಶಾಲೆ ಶುರುವಾಗುವ ಮುಂಚೆ ಶನಿವಾರ ಮತ್ತೆ ಕೊಳಕ್ಕೆ ಹೋಗಬೇಕು, ಈ ಸಲ ಮೈಕ್ ನೀರಿನ ಮೇಲೆ, ಅವರ ಬಾಯಿಗೆ ಎಷ್ಟು ಹತ್ತಿರ ಆಗುತ್ತೋ ಅಷ್ಟು ಹತ್ತಿರ ಹಿಡಿಯಬೇಕು. ಕೋಚ್ ಅಕ್ಕ ಕ್ರೂಸರ್ ಹತ್ತುತ್ತಲೇ ಹೊತ್ತು ಗೊತ್ತು ಮಾಡಿದರು, ಐದೂವರೆ.